ಒಂದೇ ಕಡ್ಡಿ ನೆಟ್ ಇದ್ದ ಹುಡುಗ: ಒಂದು ಮೈನ್‌ಕ್ರಾಫ್ಟ್ ಸರ್ವರ್‌ನ ಚೀಟ್ ಪ್ರಕರಣ

ಮೈನ್‌ಕ್ರಾಫ್ಟ್ ಅಂದರೆ ಬ್ಲಾಕ್ ಅನ್ನುವ ಚೌಕದ ತುಂಡುಗಳನ್ನು ಅಗೆದು, ಜೋಡಿಸಿ, ಬೇಕಾದ್ದು ಕಟ್ಟುವ ಕಂಪ್ಯೂಟರ್ ಆಟ. ಎಲ್ಲರೂ ಒಂದೇ ಲೋಕದಲ್ಲಿ ಸೇರಿ ಆಡಬೇಕಾದರೆ ಅದನ್ನು ನಡೆಸುವ ಕಂಪ್ಯೂಟರೇ ಸರ್ವರ್. ಈ ಪ್ರಕರಣದಲ್ಲಿ ಇಬ್ಬರು ಹುಡುಗರಿದ್ದಾರೆ. ಒಬ್ಬ ಚೀಟ್ ಮೆನು, ಅಂದರೆ ಆಟದಲ್ಲಿ ಮೋಸ ಮಾಡುವ ಸಾಧನ, ಹಾಕಿಕೊಂಡು ಆಡಿದವನು. ಇನ್ನೊಬ್ಬ ಏನೂ ಮಾಡದೆ ಶಿಕ್ಷೆ ಅನುಭವಿಸಿದವನು. ಶಿಕ್ಷೆ ಕೊಟ್ಟವನು ನಾನು. ಇಬ್ಬರೂ ಇನ್ನೂ ಓದುತ್ತಿರುವ ಮಕ್ಕಳು, ಹಾಗಾಗಿ ಹೆಸರು ಬರೆಯುವುದಿಲ್ಲ. ಸ್ನೇಹಿತರಿಗೋಸ್ಕರ ಮನೆಯಲ್ಲೋ ಹಾಸ್ಟೆಲ್‌ನಲ್ಲೋ ಸಣ್ಣ ಸರ್ವರ್ ನಡೆಸುವವರಿಗೆ ಇದು ಉಪಯೋಗಕ್ಕೆ ಬರಲಿ ಅಂತ ನಡೆದದ್ದನ್ನು ನಡೆದ ಹಾಗೇ ಬರೆಯುತ್ತಿದ್ದೇನೆ.

ಸರ್ವರ್ ಮತ್ತು ಕೋಟೆ

ದಾವಣಗೆರೆಯಲ್ಲಿ ನನ್ನದೊಂದು ಕಂಪ್ಯೂಟರ್ ರಿಪೇರಿ ಅಂಗಡಿ ಇದೆ. 2024ರ ಬೇಸಿಗೆ ರಜೆಯಲ್ಲಿ ಅಕ್ಕನ ಮಗ ಹಟ ಹಿಡಿದ. "ಮಾಮ, ನಮಗೊಂದು ಸರ್ವರ್ ಹಾಕಿಕೊಡು." ಅಂಗಡಿಯಲ್ಲಿ 16 ಜಿಬಿ ರ್ಯಾಮ್ ಇದ್ದ ಹಳೇ ಡೆಸ್ಕ್‌ಟಾಪ್ ಸುಮ್ನೆ ಬಿದ್ದಿತ್ತು. ಅದಕ್ಕೆ ಮೈನ್‌ಕ್ರಾಫ್ಟ್ ಜಾವಾ ಎಡಿಷನ್‌ನ ಪೇಪರ್ ಅನ್ನುವ ಸರ್ವರ್ ಪ್ರೋಗ್ರಾಂ ಹಾಕಿ, ಯುಪಿಎಸ್‌ಗೆ ಜೋಡಿಸಿ ಮನೆಯಲ್ಲಿಟ್ಟೆ. ಅಕ್ಕನ ಮನೆ ನಮ್ಮ ಮನೆಯ ಮಹಡಿ ಮೇಲೆ. ಎರಡೂ ಮನೆಗೆ ಒಂದೇ ಫೈಬರ್, ಒಂದೇ ರೂಟರ್. ಇದು ಮುಂದೆ ಮುಖ್ಯವಾಗುತ್ತದೆ.

ಹದಿನಾಲ್ಕು ಮಕ್ಕಳು ಸೇರಿದರು. ಅರ್ಧ ದಾವಣಗೆರೆಯವರು, ಅರ್ಧ ಚಿತ್ರದುರ್ಗ ಮತ್ತು ಅದರ ಸುತ್ತಲ ಹಳ್ಳಿಯವರು. ಏನು ಕಟ್ಟೋಣ ಅಂತ ಮಾತು ಬಂದಾಗ ದುರ್ಗದ ಹುಡುಗರು ಬೇರೆ ಯಾರಿಗೂ ಬಾಯಿ ಬಿಡಲು ಅವಕಾಶ ಕೊಡಲಿಲ್ಲ. ಏಳು ಸುತ್ತಿನ ಕೋಟೆ ಕಟ್ಟಬೇಕು, ಅದೂ ಸರ್ವೈವಲ್ ಮೋಡ್‌ನಲ್ಲಿ. ಅಂದರೆ ಪ್ರತಿ ಕಲ್ಲನ್ನೂ ಅಗೆದು ತರಬೇಕು. ಹಸಿವಾದರೆ ಊಟ ಹುಡುಕಬೇಕು. ರಾತ್ರಿ ಜೋಂಬಿಗಳಿಂದ ತಪ್ಪಿಸಿಕೊಳ್ಳಬೇಕು. ಸತ್ತರೆ ಕೈಯಲ್ಲಿದ್ದದ್ದೆಲ್ಲ ಬಿದ್ದುಹೋಗುತ್ತದೆ.

ಮಕ್ಕಳು ಇದನ್ನು ಎಷ್ಟು ಗಂಭೀರವಾಗಿ ತೆಗೆದುಕೊಂಡಿದ್ದರು ಅಂದರೆ, ದುರ್ಗದ ಹುಡುಗಿಯೊಬ್ಬಳು ಭಾನುವಾರ ಕೋಟೆಗೆ ಹೋಗಿ ಬಾಗಿಲಿನಿಂದ ಬಾಗಿಲಿಗೆ ಹೆಜ್ಜೆ ಎಣಿಸಿ ಬರುತ್ತಿದ್ದಳು. ಒಂಟಿಕಲ್ಲು ಬಸವಣ್ಣನ ಗುಡಿ, ಅಕ್ಕ ತಂಗಿ ಹೊಂಡ, ಮದ್ದು ಬೀಸುವ ಕಲ್ಲು, ಎಲ್ಲವನ್ನೂ ಹಂಚಿಕೊಂಡಿದ್ದರು. ಓಬವ್ವನ ಕಿಂಡಿ ಕಟ್ಟುವ ಕೆಲಸ ಹೊಸದುರ್ಗ ತಾಲೂಕಿನ ಹಳ್ಳಿ ಹುಡುಗನದು. ಒಬ್ಬರೇ ಬಗ್ಗಿ ನುಗ್ಗುವಷ್ಟು ಸಂದು ಇರಬೇಕು, ಹೊರಗಿನಿಂದ ನೋಡಿದರೆ ಬಂಡೆಯ ಬಿರುಕಿನ ಹಾಗೆ ಕಾಣಬೇಕು. ಅವನು ಕಟ್ಟಿ ಕಟ್ಟಿ ಕೆಡವುತ್ತಿದ್ದ. ಸರಿ ಅನ್ನಿಸುತ್ತಿರಲಿಲ್ಲ ಅವನಿಗೆ.

ಅವರಲ್ಲೇ ಒಂದು ಸಂತೆಯೂ ಹುಟ್ಟಿತು. ವಜ್ರವೇ ದುಡ್ಡು. ಒಂದು ವಜ್ರಕ್ಕೆ ಮೂರು ಸ್ಟ್ಯಾಕ್ ಕಲ್ಲು, ಅಂದರೆ 192. ಯಾರೂ ಹೇಳಿಕೊಡದೆ ತಾವೇ ಚೌಕಾಸಿ ಮಾಡಿ ಗೊತ್ತು ಮಾಡಿಕೊಂಡ ದರ ಅದು. ನನಗೆ ಅದನ್ನು ನೋಡುವುದೇ ಖುಷಿ.

ಪೆಟ್ಟಿಗೆ ಖಾಲಿಯಾದ ರಾತ್ರಿ

ಮೇ ತಿಂಗಳಲ್ಲಿ ಎಂಟು ಜನ ಸೇರಿ ಒಂದಿಡೀ ರಾತ್ರಿ ಹೋರಾಡಿ ಎಂಡರ್ ಡ್ರ್ಯಾಗನ್ ಅನ್ನುವ ಆಟದ ದೊಡ್ಡ ರಾಕ್ಷಸನನ್ನು ಕೊಂದರು. ಆಮೇಲೆ ಆಚೆಯ ದ್ವೀಪಗಳಲ್ಲಿ ಅಲೆದು ಎರಡು ಜೊತೆ ಎಲಿಟ್ರಾ ತಂದರು. ಎಲಿಟ್ರಾ ಅಂದರೆ ಗಾಳಿಯಲ್ಲಿ ತೇಲಿಕೊಂಡು ಹೋಗಲು ಬೇಕಾದ ರೆಕ್ಕೆ. ಅದು ಎಲ್ಲರದು ಅಂತ ತೀರ್ಮಾನವಾಯಿತು. ತುಪ್ಪದ ಕೊಳದ ಗೋಡೆಯ ಹಿಂದೆ ಒಂದು ಪೆಟ್ಟಿಗೆ ಹೂತು, 70 ವಜ್ರದ ಜೊತೆ ಅಲ್ಲಿಟ್ಟರು. ಜಾಗ ಗೊತ್ತಿದ್ದದ್ದು ನಾಲ್ಕು ಜನಕ್ಕೆ. ನನ್ನ ಅಕ್ಕನ ಮಗ ಆ ನಾಲ್ವರಲ್ಲಿ ಇರಲಿಲ್ಲ. ಹಳ್ಳಿ ಹುಡುಗನೂ ಇರಲಿಲ್ಲ.

ಜೂನ್‌ನಲ್ಲಿ ಒಂದು ಬೆಳಿಗ್ಗೆ ನೋಡಿದರೆ ಪೆಟ್ಟಿಗೆ ಖಾಲಿ. ಗೋಡೆಯ ಕಲ್ಲು ತೆಗೆದು ಮತ್ತೆ ಅಚ್ಚುಕಟ್ಟಾಗಿ ಮುಚ್ಚಿದ್ದರು.

ಜಾಗ ಗೊತ್ತಿಲ್ಲದವರು ಪೆಟ್ಟಿಗೆ ಹುಡುಕಬೇಕಾದರೆ ಚೀಟ್ ಬೇಕು. ಚೀಟ್ ಮೆನು ಅಂದರೆ ಆಟದೊಳಗೆ ಸೇರಿಸುವ ಒಂದು ಮಾಡ್. ಒಂದು ಕೀ ಒತ್ತಿದರೆ ಪಟ್ಟಿ ತೆರೆದುಕೊಳ್ಳುತ್ತದೆ. ಎಕ್ಸ್‌ರೇ ಆನ್ ಮಾಡಿದರೆ ಕಲ್ಲು ಮಾಯವಾಗಿ ಅದಿರು ಮಾತ್ರ ಕಾಣುತ್ತದೆ. ಇನ್ನೊಂದು ಗುಂಡಿ ಒತ್ತಿದರೆ ಗೋಡೆಯಾಚೆ ಇರುವ ಪೆಟ್ಟಿಗೆಗಳು ಬಣ್ಣದ ಚೌಕವಾಗಿ ಹೊಳೆಯುತ್ತವೆ. ಹಾರುವುದಕ್ಕೊಂದು, ಮೂರು ಬ್ಲಾಕ್‌ಗಿಂತ ದೂರದಲ್ಲಿದ್ದವನಿಗೂ ಹೊಡೆಯುವುದಕ್ಕೊಂದು. ರಸ್ಟ್‌ನಂಥ ಆಟಕ್ಕೆ ಈಸಿ ಆಂಟಿ-ಚೀಟ್, ಆರ್ಕ್‌ಗೆ ಬ್ಯಾಟಲ್‌ಐ ಅಂತ ಆಟಗಾರನ ಕಂಪ್ಯೂಟರಿನಲ್ಲೇ ಕೂತು ಕಾಯುವ ಪ್ರೋಗ್ರಾಂ ಇರುತ್ತದೆ. ಮೈನ್‌ಕ್ರಾಫ್ಟ್ ಜಾವಾದಲ್ಲಿ ಅಂಥದ್ದು ಆಟದ ಜೊತೆ ಬರುವುದಿಲ್ಲ. ಸರ್ವರ್ ನಡೆಸುವವನೇ ನೋಡಿಕೊಳ್ಳಬೇಕು.

ನಾನು ಸರ್ವರ್‌ನ ಲಾಗ್, ಅಂದರೆ ನಡೆದದ್ದನ್ನು ಅದು ಬರೆದಿಡುವ ದಾಖಲೆ, ತೆರೆದೆ. ಆ ರಾತ್ರಿ 11ರಿಂದ 1ರ ನಡುವೆ ಹಳ್ಳಿ ಹುಡುಗನ ಹೆಸರಿನ ಮುಂದೆ 'ಮೂವ್ಡ್ ಟೂ ಕ್ವಿಕ್‌ಲಿ' ಅನ್ನುವ ಸಾಲು 17 ಸಲ ಇತ್ತು. ಇರಬೇಕಾದ್ದಕ್ಕಿಂತ ಜಾಸ್ತಿ ವೇಗವಾಗಿ ಚಲಿಸಿದ ಅಂತ ಅರ್ಥ. ಒಂದು ಸಲ 'ಹಾರುತ್ತಿದ್ದಾನೆ' ಅಂತ ಸರ್ವರ್ ಅವನನ್ನು ಹೊರಗೆ ಹಾಕಿಯೂ ಇತ್ತು. ಇನ್ನೊಬ್ಬ ಹುಡುಗ ಹೇಳಿದ, "ಹೌದು ಅಣ್ಣ, ಅವನು ಗೋಡೆ ಹತ್ರ ಇದ್ದವನು ಟಪ್ ಅಂತ ಆಚೆ ಕಡೆ ಕಾಣಿಸ್ಕೊಂಡ."

ನನಗೆ ಅಷ್ಟು ಸಾಕಾಯಿತು. ಬ್ಯಾನ್ ಮಾಡಿದೆ. ಅವನನ್ನು ಒಂದು ಮಾತೂ ಕೇಳಲಿಲ್ಲ. ಗ್ರೂಪ್‌ನಲ್ಲಿ ಎಲ್ಲರಿಗೂ ಕಾಣುವ ಹಾಗೆ ಕಾರಣ ಬರೆದೆ.

ಸಂಜೆ ಅವನಿಂದ ಒಂದೇ ಮೆಸೇಜ್ ಬಂತು. "ಅಣ್ಣಾ, ನಾನು ಅಪ್ಪನ ಫೋನಿಂದ ಹಾಟ್‌ಸ್ಪಾಟ್ ಹಾಕ್ಕೊಂಡು ಆಡೋದು. ನಮ್ಮೂರಲ್ಲಿ ನೆಟ್ ಒಂದೇ ಕಡ್ಡಿ." ನಾನು ಉತ್ತರ ಕೊಡಲಿಲ್ಲ. ನೆಪ ಹೇಳುತ್ತಿದ್ದಾನೆ ಅಂದುಕೊಂಡೆ.

ಆ 17 ಸಾಲುಗಳ ಅರ್ಥ

ಇಲ್ಲಿ ಸ್ವಲ್ಪ ನಿಂತು ವಿವರಿಸಬೇಕು. ನನ್ನ ತಪ್ಪು ಇರುವುದೇ ಇಲ್ಲಿ.

ಆಟಗಾರ ಎಲ್ಲಿದ್ದಾನೆ ಅನ್ನುವುದನ್ನು ಅವನ ಕಂಪ್ಯೂಟರೇ ಸರ್ವರ್‌ಗೆ ಹೇಳುತ್ತಿರುತ್ತದೆ. ಸರ್ವರ್ ಸೆಕೆಂಡಿಗೆ 20 ಸಲ ಲೆಕ್ಕ ನೋಡುತ್ತದೆ. ನೆಟ್ ಕೈಕೊಟ್ಟರೆ ಆ ಸುದ್ದಿಗಳು ದಾರಿಯಲ್ಲಿ ಸಿಕ್ಕಿಕೊಳ್ಳುತ್ತವೆ. ನೆಟ್ ವಾಪಸ್ ಬಂದಾಗ ಎಲ್ಲಾ ಒಟ್ಟಿಗೆ ಬಂದು ಬೀಳುತ್ತವೆ. ಹುಡುಗ ಮೂರು ಸೆಕೆಂಡ್ ನಡೆದದ್ದು ಸರ್ವರ್‌ಗೆ ಒಂದೇ ಕ್ಷಣದ ಜಿಗಿತವಾಗಿ ಕಾಣುತ್ತದೆ. 'ಮೂವ್ಡ್ ಟೂ ಕ್ವಿಕ್‌ಲಿ' ಅನ್ನುವುದು ಆಗ ಬರುವ ಸಾಲು. ಸರ್ವರ್ ಅವನನ್ನು ಹಿಂದಕ್ಕೆ ಎಳೆದು ನಿಲ್ಲಿಸುತ್ತದೆ.

ಹಾರಿದ ಅನ್ನುವ ಆರೋಪವೂ ಹಾಗೇ. ಸರ್ವರ್‌ನಲ್ಲಿ ಹಾರಾಟಕ್ಕೆ ಅನುಮತಿ ಇಲ್ಲದಿದ್ದರೆ, ಯಾರಾದರೂ 80 ಟಿಕ್, ಅಂದರೆ 4 ಸೆಕೆಂಡ್ ಗಾಳಿಯಲ್ಲಿ ತೇಲುತ್ತಿದ್ದಾರೆ ಅನ್ನಿಸಿದರೆ ಹೊರಗೆ ಹಾಕುತ್ತದೆ. ಹುಡುಗ ನೆಗೆದ ಗಳಿಗೆಯಲ್ಲೇ ನೆಟ್ ಹೋದರೆ? ಸರ್ವರ್‌ಗೆ ಗೊತ್ತಿರುವ ಕೊನೆಯ ಸುದ್ದಿ ಅವನು ಮೇಲಕ್ಕೆ ಹೋಗುತ್ತಿದ್ದ ಅನ್ನುವುದು. ಅಲ್ಲೇ ತೇಲುತ್ತಿದ್ದಾನೆ ಅಂತ ಅದು ತಿಳಿಯುತ್ತದೆ.

ನಾನು ಅಂದು ಹಿಂದಿನ ವಾರಗಳ ಲಾಗ್ ನೋಡಿದ್ದರೆ ಸಾಕಿತ್ತು. ಆ ಹುಡುಗನ ಹೆಸರಿನಲ್ಲಿ ಈ ಸಾಲುಗಳು ಏಪ್ರಿಲ್‌ನಿಂದಲೂ ದಿನಾ ಇದ್ದವು. ಕುರಿ ಮೇಯಿಸುವಾಗ, ರಸ್ತೆಯಲ್ಲಿ ನಡೆಯುವಾಗ, ಕಲ್ಲು ಹೊರುವಾಗ, ಕೊನೆಗೆ ಜೋಂಬಿ ಕೈಯಲ್ಲಿ ಸಾಯುವಾಗಲೂ. ಲ್ಯಾಗ್‌ಗೆ, ಅಂದರೆ ನೆಟ್ ಹೀಗೆ ತಡವರಿಸುವುದಕ್ಕೆ, ಲಾಭ ನಷ್ಟ ಗೊತ್ತಿಲ್ಲ. ಎಲ್ಲಿ ಬೇಕಾದರೂ ಬರುತ್ತದೆ. ಚೀಟ್ ಮಾತ್ರ ಲಾಭ ಇರುವ ಜಾಗದಲ್ಲಿ ಕಾಣಿಸಿಕೊಳ್ಳುತ್ತದೆ. ಈ ಒಂದು ವ್ಯತ್ಯಾಸ ನೋಡುವ ತಾಳ್ಮೆ ನನಗೆ ಇರಲಿಲ್ಲ.

ವಜ್ರದ ಬೆಲೆ ಬಿದ್ದದ್ದು

ಬ್ಯಾನ್ ಮಾಡಿದ ರಾತ್ರಿಯೇ ಕೋರ್‌ಪ್ರೊಟೆಕ್ಟ್ ಪ್ಲಗಿನ್ ಹಾಕಿದೆ. ಯಾರು ಯಾವ ಕಲ್ಲು ಒಡೆದರು, ಎಲ್ಲಿಟ್ಟರು, ಯಾವ ಪೆಟ್ಟಿಗೆಯಿಂದ ಏನು ತೆಗೆದರು ಅಂತ ಅದು ಬರೆದಿಡುತ್ತದೆ. ಮೊದಲೇ ಹಾಕಬೇಕಿತ್ತು.

ಆಮೇಲೆ ಎರಡು ವಾರ ಸರ್ವರ್ ನಿಧಾನಕ್ಕೆ ಸಾಯತೊಡಗಿತು. ಅಕ್ಕನ ಮಗನ ಹತ್ತಿರ ವಜ್ರ ಬರುತ್ತಲೇ ಇತ್ತು. ಅವನು ಅದನ್ನು ಬಚ್ಚಿಡಲಿಲ್ಲ. ಕೇಳಿದವರಿಗೆ, ಕೇಳದವರಿಗೆ ಹಂಚಿದ. ಖಾಲಿಯಾದ ಪೆಟ್ಟಿಗೆಗೆ 70 ವಜ್ರ ತಾನೇ ತುಂಬಿದ. ಎಂಥ ಒಳ್ಳೇ ಮನಸ್ಸು ಅಂತ ನಾನು ಅಕ್ಕನ ಮುಂದೆ ಹೊಗಳಿದೆ.

ಆದರೆ ವಜ್ರದ ಬೆಲೆ ಮೂರು ಸ್ಟ್ಯಾಕ್ ಕಲ್ಲಿನಿಂದ ಅರ್ಧ ಸ್ಟ್ಯಾಕ್‌ಗೆ ಇಳಿಯಿತು. ಗಣಿಗೆ ಹೋಗುವವರು ಇಲ್ಲವಾದರು. ಯಾಕೆ ಹೋಗಬೇಕು, ಅಲ್ವಾ? ಕಲ್ಲು ಮಾರಿ ವಜ್ರ ಕೊಳ್ಳುತ್ತಿದ್ದವರು ಕಲ್ಲು ಅಗೆಯುವುದು ಬಿಟ್ಟರು. ಕಲ್ಲಿಲ್ಲದೆ ಕೋಟೆ ನಾಲ್ಕನೇ ಸುತ್ತಿಗೆ ನಿಂತಿತು. ರಾತ್ರಿ ಹತ್ತು ಹನ್ನೊಂದು ಜನ ಇರುತ್ತಿದ್ದ ಕಡೆ ನಾಲ್ಕು ಜನ. ಯಾರಿಗೂ ಜಗಳವಿಲ್ಲ, ಬೇಜಾರಿಲ್ಲ, ಬರುವುದು ಮಾತ್ರ ನಿಂತುಹೋಯಿತು. ಚೀಟ್‌ನಿಂದ ಹಾಳಾಗುವುದು ಅಂದರೆ ಗೋಡೆ ಒಡೆಯುವುದು, ಕೊಲ್ಲುವುದು ಅಂದುಕೊಂಡಿದ್ದೆ. ಉಡುಗೊರೆಯಿಂದಲೂ ಹಾಳಾಗುತ್ತದೆ ಅಂತ ಕಣ್ಣಾರೆ ನೋಡಿದೆ.

ಹೆಜ್ಜೆ ಎಣಿಸುತ್ತಿದ್ದ ಹುಡುಗಿ ಒಂದು ದಿನ ಕೇಳಿದಳು. "ಅಣ್ಣ, ನಾನು ಎರಡು ತಿಂಗಳಿಂದ ಗಣೀಲಿ ಇದ್ದೀನಿ. ನಂಗೆ ಸಿಗದಷ್ಟು ವಜ್ರ ಅವನಿಗೆ ಅರ್ಧ ಗಂಟೇಲಿ ಹೆಂಗೆ ಸಿಗ್ತಾವೆ?"

ಗಣಿಯೊಳಗೆ

ಕೋರ್‌ಪ್ರೊಟೆಕ್ಟ್ ಲೆಕ್ಕ ತೆಗೆದೆ. ಆ ಎರಡು ವಾರದಲ್ಲಿ ಹುಡುಗಿ ಒಡೆದದ್ದು ಸುಮಾರು 9,800 ಡೀಪ್‌ಸ್ಲೇಟ್ (ಆಳದಲ್ಲಿರುವ ಗಟ್ಟಿ ಕಲ್ಲು), ಸಿಕ್ಕ ವಜ್ರದ ಅದಿರು 41. ಅಕ್ಕನ ಮಗ ಒಡೆದದ್ದು 2,300, ಸಿಕ್ಕದ್ದು 96. ಆದರೆ ಒಮ್ಮೆ ಲೆಕ್ಕ ನಂಬಿ ಕೆಟ್ಟಿದ್ದೆ. ಅದೃಷ್ಟವೂ ಇರಬಹುದು. ಕಣ್ಣಿಂದ ನೋಡಬೇಕು ಅಂತ, ಯಾರಿಗೂ ಕಾಣದೆ ಓಡಾಡಿ ನೋಡಬಹುದಾದ ಸ್ಪೆಕ್ಟೇಟರ್ ಮೋಡ್‌ನಲ್ಲಿ ಇಬ್ಬರ ಗಣಿಗೂ ಇಳಿದೆ.

2021ರ ನವೆಂಬರ್‌ನಲ್ಲಿ ಬಂದ 1.18ನೇ ಆವೃತ್ತಿಯಿಂದ ಆಟದ ಭೂಮಿ, ಎತ್ತರದ ಲೆಕ್ಕದಲ್ಲಿ, ಮೈನಸ್ 64ರವರೆಗೆ ಆಳವಾಗಿದೆ. ತಳಕ್ಕೆ ಹೋದಷ್ಟೂ ವಜ್ರ ಜಾಸ್ತಿ. ಹಾಗಾಗಿ ಎಲ್ಲರೂ ಮೈನಸ್ 58ರ ಆಸುಪಾಸು ಅಗೆಯುತ್ತಾರೆ. ಹುಡುಗಿಯ ಗಣಿ ಹೊಲದ ಸಾಲಿನ ಹಾಗಿತ್ತು. ನಡುವೆ ಒಂದು ದೊಡ್ಡ ದಾರಿ, ಎರಡೂ ಕಡೆ ಎರಡೆರಡು ಬ್ಲಾಕ್ ಬಿಟ್ಟು ಉದ್ದುದ್ದ ಕೊರೆತ. ಹೆಚ್ಚಿನವು ಬರೀ ಕಲ್ಲಿನಲ್ಲಿ ಮುಗಿದಿದ್ದವು. ಒಂದು ಕಡೆ ಲಾವಾ ನುಗ್ಗಿ ಮುಚ್ಚಿದ್ದಳು. ಇನ್ನೊಂದು ಕಡೆ ಸತ್ತಿದ್ದಳು, ಟಾರ್ಚ್ ಹಾಗೇ ಉರಿಯುತ್ತಿತ್ತು.

ಅಕ್ಕನ ಮಗನ ಗಣಿಯಲ್ಲಿ ಖಾಲಿ ಕೈಯಲ್ಲಿ ಮುಗಿದ ದಾರಿ ಒಂದೂ ಇರಲಿಲ್ಲ. ನೆಟ್ಟಗೆ 40 ಬ್ಲಾಕ್ ಹೋಗುತ್ತದೆ, ಕಾರಣವಿಲ್ಲದೆ ಎಡಕ್ಕೆ ತಿರುಗುತ್ತದೆ, ಆರು ಬ್ಲಾಕ್ ಆದ ಮೇಲೆ ವಜ್ರ ತೆಗೆದ ಗುಂಡಿ. ಅಲ್ಲಿಂದ ಓರೆಯಾಗಿ ಮೇಲೆ, ಮತ್ತೆ ಗುಂಡಿ. ಟಾರ್ಚ್ ಕೂಡ ಹಚ್ಚಿರಲಿಲ್ಲ. ನನ್ನ ಹೊಟ್ಟೆಯಲ್ಲಿ ಏನೋ ಕಲಸಿದ ಹಾಗಾಯಿತು.

ಆದರೂ ಇನ್ನೊಂದು ಪರೀಕ್ಷೆ ಮಾಡಿದೆ. ಎಕ್ಸ್‌ರೇ ಕೆಲಸ ಮಾಡುವುದು ಯಾಕೆ ಅಂದರೆ, ಸುತ್ತಲಿನ ಭೂಮಿಯೆಲ್ಲವನ್ನೂ, ಒಳಗಿರುವ ಅದಿರಿನ ಸಮೇತ, ಸರ್ವರ್ ಮೊದಲೇ ಆಟಗಾರನ ಕಂಪ್ಯೂಟರಿಗೆ ಕಳಿಸಿರುತ್ತದೆ. ಚೀಟ್ ಮಾಡುವವನು ಅದನ್ನು ತೋರಿಸು ಅಂತ ತನ್ನ ಕಂಪ್ಯೂಟರಿಗೆ ಹೇಳುತ್ತಾನೆ, ಅಷ್ಟೆ. ಸರ್ವರ್‌ಗೆ ಗೊತ್ತೇ ಆಗುವುದಿಲ್ಲ. ಪೇಪರ್‌ನಲ್ಲಿ ಇದಕ್ಕೆ ಆಂಟಿ-ಎಕ್ಸ್‌ರೇ ಅಂತ ಒಂದು ಸೆಟ್ಟಿಂಗ್ ಇದೆ. ತಾನಾಗಿ ಆನ್ ಆಗಿರುವುದಿಲ್ಲ, ನಾವೇ ಮಾಡಬೇಕು. ಅದರ ಎಂಜಿನ್-ಮೋಡ್ 1 ಮುಚ್ಚಿಕೊಂಡಿರುವ ಅದಿರನ್ನು ಬರೀ ಕಲ್ಲು ಅಂತ ಕಳಿಸುತ್ತದೆ. ಎಂಜಿನ್-ಮೋಡ್ 2 ಎಲ್ಲಾ ಕಡೆ ಸುಳ್ಳು ಅದಿರು ಬೆರೆಸಿ ಕಳಿಸುತ್ತದೆ. ಪ್ರಾಮಾಣಿಕವಾಗಿ ಆಡುವವರಿಗೆ ಇದು ಕಾಣುವುದೇ ಇಲ್ಲ, ಕಲ್ಲಿನ ಒಳಗೆ ಅವರು ನೋಡುವುದಿಲ್ಲವಲ್ಲ. ಕಲ್ಲು ಒಡೆಯುತ್ತಾ ಹತ್ತಿರ ಬಂದಾಗ ಅಲ್ಲಿ ನಿಜವಾಗಿ ಏನಿದೆ ಅಂತ ಸರ್ವರ್ ತಿಳಿಸುತ್ತದೆ.

ಒಂದು ರಾತ್ರಿ ಯಾರಿಗೂ ಹೇಳದೆ ಮೋಡ್ 2 ಹಾಕಿ ಸರ್ವರ್ ರೀಸ್ಟಾರ್ಟ್ ಮಾಡಿದೆ. ಮಾರನೇ ದಿನ ಹುಡುಗಿಯ ಸಾಲುಗಳು ಎಂದಿನಂತೆ ನೆಟ್ಟಗೆ ಬೆಳೆದಿದ್ದವು. ಅಕ್ಕನ ಮಗನ ದಾರಿ ಹುಚ್ಚು ಹಿಡಿದ ಹಾಗೆ ಸುತ್ತಿತ್ತು. ನಾಲ್ಕು ಬ್ಲಾಕ್ ಹೋಗಿ ನಿಲ್ಲುತ್ತದೆ, ತಿರುಗುತ್ತದೆ, ಐದು ಹೋಗಿ ನಿಲ್ಲುತ್ತದೆ. ಅವನು ಅಟ್ಟಿಸಿಕೊಂಡು ಹೋದ ವಜ್ರ ಹತ್ತಿರ ಬರುತ್ತಿದ್ದ ಹಾಗೆ ಕಲ್ಲಾಗುತ್ತಿತ್ತು. ಸುಳ್ಳು ವಜ್ರ ಕಾಣದವನು ಹಾಗೆ ಅಗೆಯುವುದಕ್ಕೆ ಸಾಧ್ಯವೇ ಇಲ್ಲ.

ಕುಂದುವಾಡ ಕೆರೆ ಏರಿಯ ಮೇಲೆ

ಮನೆಯಲ್ಲಿ ಬೇಡ ಅಂತ ಸಂಜೆ ಕುಂದುವಾಡ ಕೆರೆಗೆ ಕರೆದುಕೊಂಡು ಹೋದೆ. ಒಂದು ಸುತ್ತು ಸುಮ್ನೆ ನಡೆದೆವು. "ನಿನ್ನ ಗಣಿ ನೋಡಿದೆ ಕಣೋ" ಅಂದೆ. ಅವನು ತಲೆ ತಗ್ಗಿಸಿದ. ಸುಳ್ಳು ಹೇಳಲಿಲ್ಲ.

"ಟ್ಯೂಷನ್ ಮುಗ್ಸಿ ಬರೋದ್ರೊಳಗೆ ಎಲ್ರೂ ಮುಂದೆ ಹೋಗಿರ್ತಿದ್ರು ಮಾಮ. ನಂಗೆ ಸಿಗೋದು ಅರ್ಧ ಗಂಟೆ. ಒಂದು ವಿಡಿಯೋ ನೋಡಿ ಇಳಿಸ್ಕೊಂಡೆ. ಸುಮ್ನೆ ಏನೇನೈತೆ ನೋಡೋಣ ಅಂತ ಆನ್ ಮಾಡ್ದಾಗ ಗೋಡೆ ಹಿಂದೆ ಪೆಟ್ಟಿಗೆ ಕಾಣ್ತು."

"ತಗೊಂಡೆ."

"ಬೆಳಿಗ್ಗೆ ಇಟ್ಬಿಡೋಣ ಅನ್ಕೊಂಡಿದ್ದೆ. ಅಷ್ಟ್ರಲ್ಲಿ ನೀನು ಅವನನ್ನ ಬ್ಯಾನ್ ಮಾಡ್ದೆ. ಆಮೇಲೆ ಹೇಳೋಕೆ ಬಾಯೇ ಬರ್ಲಿಲ್ಲ." ಸ್ವಲ್ಪ ಹೊತ್ತು ಬಿಟ್ಟು ಅವನೇ ಹೇಳಿದ. "ಎಪ್ಪತ್ತು ವಾಪಸ್ ಹಾಕಿದ್ರೆ ಸರಿ ಹೋಗುತ್ತೆ ಅನ್ಕೊಂಡೆ. ಹೋಗ್ಲಿಲ್ಲ. ಎಲ್ರಿಗೂ ಕೊಟ್ಟೆ. ಎಷ್ಟು ಕೊಟ್ರೂ ಸಾಕು ಅನ್ನಿಸ್ಲಿಲ್ಲ ಮಾಮ."

ಆ ಮಾತಿಗೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಅವನು ಬಾಯಿ ಬಿಡದ ಹಾಗೆ ಮಾಡಿದ್ದರಲ್ಲಿ ನನ್ನ ಅವಸರದ್ದೂ ಪಾಲಿತ್ತು. ನೆಟ್ ಚೆನ್ನಾಗಿದ್ದವನು, ನಮ್ಮ ಮಹಡಿ ಮೇಲೆ ಇದ್ದವನು, ಲಾಗ್‌ನಲ್ಲಿ ಅಂಥ ಒಂದು ಸಾಲೂ ಬರದವನು ಸಾಚಾ ಅಂದುಕೊಂಡಿದ್ದೆ. ಹಳ್ಳಿಯಲ್ಲಿ ಕೂತು ಅಪ್ಪನ ಫೋನಿಂದ ಆಡುವವನ ಮೇಲೆ ಅನುಮಾನ ಎಷ್ಟು ಸಲೀಸಾಗಿ ಬಂತು ಅನ್ನುವುದು ಈಗಲೂ ನನ್ನನ್ನು ಚುಚ್ಚುತ್ತದೆ.

ಮೆನುವಿನ ಜೊತೆ ಬಂದದ್ದು

ಮಾಡ್ ಅನ್ನುವುದು ಬರೀ ಆಟದ ಸಾಮಾನಲ್ಲ. ಅದೊಂದು ಜಾವಾ ಪ್ರೋಗ್ರಾಂ. ನಿಮ್ಮ ಕಂಪ್ಯೂಟರಿನಲ್ಲಿ ನೀವು ಏನೇನು ಮಾಡಬಹುದೋ ಅದೆಲ್ಲವನ್ನೂ ಅದು ಮಾಡಬಹುದು. 2023ರ ಜೂನ್‌ನಲ್ಲಿ ಕರ್ಸ್‌ಫೋರ್ಜ್‌ನಂಥ ಎಲ್ಲರೂ ನಂಬುವ ಜಾಗದಲ್ಲೇ ಫ್ರಾಕ್ಚರೈಸರ್ ಅನ್ನುವ ವೈರಸ್ ಸೇರಿದ ಮಾಡ್‌ಗಳು ಸಿಕ್ಕಿದ್ದವು. ಬ್ರೌಸರ್‌ನ ಕುಕಿ, ಲಾಗಿನ್ ಟೋಕನ್, ಅಂದರೆ ನಾವು ಈಗಾಗಲೇ ಲಾಗಿನ್ ಆಗಿದ್ದೇವೆ ಅನ್ನುವ ಗುರುತನ್ನು ಕದಿಯುವುದು ಅದರ ಕೆಲಸ. ಒಳ್ಳೇ ಜಾಗದ ಕಥೆಯೇ ಹೀಗಿರುವಾಗ, ವಿಡಿಯೋ ಕೆಳಗಿನ ಲಿಂಕ್‌ನಿಂದ ಇಳಿಸಿದ ಚೀಟ್ ಮೆನು? ಇಳಿಸಿಕೊಳ್ಳುವಾಗ ಆಂಟಿವೈರಸ್ ಆಫ್ ಮಾಡು ಅಂತ ಅದರಲ್ಲೇ ಹೇಳಿತ್ತಂತೆ. ಇವನು ಮಾಡಿದ್ದ.

ಅವನ ಚಾಟ್ ಖಾತೆಯಿಂದ ಅವನಿಗೆ ಗೊತ್ತಿಲ್ಲದೆ ಸ್ನೇಹಿತರಿಗೆ ಲಿಂಕ್ ಹೋಗತೊಡಗಿ ವಾರವಾಗಿತ್ತು. ಅದೇ ಕಂಪ್ಯೂಟರಿನಲ್ಲಿ ಅಕ್ಕ ಬ್ಯಾಂಕ್ ವ್ಯವಹಾರ ಮಾಡುತ್ತಿದ್ದಳು. ನನಗೆ ನಿಜವಾಗಿ ಭಯವಾದದ್ದು ಆಗ. ಅವತ್ತೇ ರಾತ್ರಿ ನೆಟ್ ಕಿತ್ತು, ಬೇಕಾದ ಫೋಟೋ ಮತ್ತು ನೋಟ್ಸ್ ಮಾತ್ರ ಉಳಿಸಿಕೊಂಡು ವಿಂಡೋಸ್ ಹೊಸದಾಗಿ ಹಾಕಿದೆ. ಪಾಸ್‌ವರ್ಡ್‌ಗಳನ್ನು ಬೇರೆ ಕಂಪ್ಯೂಟರಿನಿಂದ ಬದಲಿಸಿದೆವು. ಪಾಸ್‌ವರ್ಡ್ ಬದಲಿಸಿದರೆ ಸಾಲದು, 'ಎಲ್ಲಾ ಕಡೆಯಿಂದ ಲಾಗ್‌ಔಟ್' ಕೂಡ ಮಾಡಬೇಕು. ಕದ್ದ ಕುಕಿ ಇದ್ದವನಿಗೆ ಪಾಸ್‌ವರ್ಡೂ ಬೇಡ, ಒಟಿಪಿಯೂ ಬೇಡ. ಅಕ್ಕನ ದುಡ್ಡು ಹೋಗಿರಲಿಲ್ಲ. ಅವಳಿಗೆ ವಿಷಯ ಹೇಳಲೇಬೇಕಾಯಿತು.

ಆಮೇಲೆ

ಅಕ್ಕನ ಮಗನೇ ಗ್ರೂಪ್‌ನಲ್ಲಿ ಬರೆದ. ನಾನು ಬರೆದುಕೊಡಲಿಲ್ಲ. 30 ದಿನ ಸರ್ವರ್‌ನಿಂದ ದೂರ ಇರಬೇಕು ಅಂತ ಮಕ್ಕಳೇ ತೀರ್ಮಾನಿಸಿದರು. ಎಲಿಟ್ರಾ ವಾಪಸ್ ಬಂತು. ವಜ್ರಗಳನ್ನು ಮಾತ್ರ ಏನೂ ಮಾಡಲಾಗಲಿಲ್ಲ. ಆಗಲೇ ಕತ್ತಿ, ಕವಚ ಆಗಿ ಹದಿಮೂರು ಕೈ ಸೇರಿದ್ದವು. ಹಿಂದಕ್ಕೆ ತಿರುಗಿಸಿದರೆ ಎರಡು ವಾರದ ಎಲ್ಲರ ಕೆಲಸವೂ ಹೋಗುತ್ತಿತ್ತು. ಸಂತೆಯಲ್ಲಿ ವಜ್ರ ಬಿಟ್ಟು ಕಬ್ಬಿಣವನ್ನು ದುಡ್ಡು ಮಾಡಿಕೊಂಡರು. ಇಬ್ಬರು ಬಿಟ್ಟು ಹೋದರು, ಮತ್ತೆ ಬರಲಿಲ್ಲ.

ನಾನು ಮಾಡಿಕೊಂಡ ಬದಲಾವಣೆ ಹೆಚ್ಚೇನಿಲ್ಲ. ಆಂಟಿ-ಎಕ್ಸ್‌ರೇ ಸದಾ ಆನ್. ದಿನಾ ರಾತ್ರಿ ಬ್ಯಾಕಪ್. ಇನ್ನು ಯಾರನ್ನೇ ಬ್ಯಾನ್ ಮಾಡಬೇಕಾದರೂ ನನ್ನ ಜೊತೆ ಆ ಹೆಜ್ಜೆ ಎಣಿಸುವ ಹುಡುಗಿಯೂ ಲಾಗ್ ನೋಡಬೇಕು. ಅದಕ್ಕೂ ಮೊದಲು ಆ ವ್ಯಕ್ತಿಯನ್ನು ಕೇಳಬೇಕು.

ಹೊಸದುರ್ಗದ ಹುಡುಗನಿಗೆ ಫೋನ್ ಮಾಡಿದೆ. ಅವನ ಅಪ್ಪ ಎತ್ತಿದರು, ಫೋನ್ ಅವರದಲ್ವಾ. ಅವರಿಗೂ ಹೇಳಿದೆ, ಅವನಿಗೂ ಹೇಳಿದೆ. ತಪ್ಪು ನನ್ನದು, ಕೇಳದೆ ತೆಗೆದೆ ಅಂತ. ಗ್ರೂಪ್‌ನಲ್ಲಿ ಆರೋಪ ಬರೆದ ಜಾಗದಲ್ಲೇ ಕ್ಷಮೆಯನ್ನೂ ಬರೆದೆ. ಅವನು ಫೋನಿನಲ್ಲಿ "ಇರ್ಲಿ ಬಿಡಿ ಅಣ್ಣ" ಅಂದ. ಎಷ್ಟೋ ದಿನ ಬರಲಿಲ್ಲ. ಕಿಂಡಿಯ ಜಾಗವನ್ನು ಯಾರೂ ಮುಟ್ಟಲಿಲ್ಲ, ಅರ್ಧ ಕಟ್ಟಿದ್ದು ಹಾಗೇ ಇತ್ತು.

ಈಗ ಅವನು ಬೆಳಿಗ್ಗೆ ಐದಕ್ಕೆ ಆಡುತ್ತಾನೆ. ಆ ಹೊತ್ತಿನಲ್ಲಿ ಅವರ ಊರಲ್ಲಿ ನೆಟ್ ಎರಡು ಕಡ್ಡಿ ಬರುತ್ತದಂತೆ. ನಾನು ಎದ್ದ ಕೂಡಲೇ ಕಾಫಿಗಿಂತ ಮೊದಲು ಲಾಗ್ ತೆರೆಯುತ್ತೇನೆ. ಇವತ್ತು 5.40ಕ್ಕೆ ಅವನ ಹೆಸರಿನ ಮುಂದೆ 'ಮೂವ್ಡ್ ಟೂ ಕ್ವಿಕ್‌ಲಿ' ಮೂರು ಸಲ ಬಂದಿದೆ.